ಮಾರ್ಚಿನ ಪಾಕ

ಫೆಬ್ರವರಿ 23

ಎಲೆ ಉದುರಿದ ಮೇಲೆ ಎಲ್ಲ ಮರವೂ ಒಂದೇ ಎನ್ನುವುದು ನಮ್ಮ ಯಜಮಾನರ ವಾದ. ಅದಕ್ಕೇ ಅಕ್ಟೋಬರಿನಲ್ಲಿ, ಹಿತ್ತಲೆಲ್ಲ ಕೆಂಪು-ಕಿತ್ತಳೆಯಾಗಿದ್ದಾಗಲೇ, ರಸ ತೆಗೆಯಲು ಬೇಕಾದ ಮೇಪಲ್‌ಗಳಿಗೆ ರಿಬ್ಬನ್ ಕಟ್ಟಿದ್ದೆ. ಚಳಿಗಾಲದ ಗಾಳಿ ಅರ್ಧ ರಿಬ್ಬನ್ ಕಿತ್ತುಕೊಂಡು ಹೋಗಿದೆ. ಇವತ್ತು ಸ್ನೋಶೂ ಕಟ್ಟಿಕೊಂಡು ಇಳಿಜಾರು ಪೂರ್ತಿ ಮತ್ತೆ ಸುತ್ತಿದೆ.

ಪಕ್ಕದ ಮನೆಯ ಅಜ್ಜ ಹೇಳಿಕೊಟ್ಟ ಲಕ್ಷಣ ಸುಲಭದ್ದು: ಕೊಂಬೆ ಎದುರುಬದುರಾಗಿ ಹೊರಟಿರಬೇಕು. ಇಲ್ಲಿಯ ದೊಡ್ಡ ಮರಗಳಲ್ಲಿ ಹಾಗೆ ಹೊರಡುವುದು ಮೇಪಲ್ ಮತ್ತು ಆ್ಯಶ್ ಮಾತ್ರ. ಆ್ಯಶ್‌ನ ಕಡ್ಡಿ ದಪ್ಪ, ಒರಟು. ಶುಗರ್ ಮೇಪಲ್‌ನ ಮೊಗ್ಗು ಕಂದು ಬಣ್ಣದ ಸೂಜಿಮೊನೆ; ರೆಡ್ ಮೇಪಲ್‌ನದು ಕೆಂಪಗೆ, ದುಂಡಗೆ. ಕೆಂಪು ಮೇಪಲ್ಲೂ ರಸ ಕೊಡುತ್ತದೆ. ಆದರೆ ಸಿಹಿ ಸ್ವಲ್ಪ ಕಡಿಮೆ, ಮೊಗ್ಗೂ ಬೇಗ ಒಡೆದುಬಿಡುತ್ತದೆ. ಅಂಥವನ್ನು ಬಿಟ್ಟೆ.

ಟೇಪು ಹಿಡಿದು ಸುತ್ತಳತೆ ನೋಡಿದೆ. ಎದೆಯೆತ್ತರದಲ್ಲಿ ಅಡ್ಡಳತೆ ಒಂದಡಿಗಿಂತ ಕಡಿಮೆ ಇರುವ ಮರಕ್ಕೆ ಕೈ ಹಚ್ಚುವುದಿಲ್ಲ. ಎಷ್ಟೇ ದಪ್ಪವಿರಲಿ, ಮರಕ್ಕೆ ಒಂದೇ ತೂತು. ಎರಡು ಕೊರೆಯಬಹುದು ಎಂದು ಪುಸ್ತಕಗಳು ಅನ್ನುತ್ತವೆ. ಅನ್ನಲಿ.

ಮಾರ್ಚ್ 4

ಟೌನ್ ಮೀಟಿಂಗ್ ದಿನ. ಮಾರ್ಚಿನ ಮೊದಲ ಮಂಗಳವಾರ ವರ್ಮಾಂಟಿನ ಊರುಗಳು ಸಭೆ ಸೇರಿ ರಸ್ತೆಗೆಷ್ಟು, ಶಾಲೆಗೆಷ್ಟು ಎಂದು ಕೈಯೆತ್ತಿ ತೀರ್ಮಾನಿಸುತ್ತವೆ. ಮರಕ್ಕೆ ನಳಿಗೆ ಹಾಕುವುದಕ್ಕೂ ಇದೇ ದಿನ ಎಂದು ಹಳಬರ ಲೆಕ್ಕ. ಈಗ ದೊಡ್ಡ ತೋಟದವರು ಯಾರೂ ಇಲ್ಲಿಯವರೆಗೆ ಕಾಯುವುದಿಲ್ಲ. ಚಳಿಗಾಲದ ನಡುವೆ ಬಿಸಿಲು ನುಗ್ಗುವುದು ಹೆಚ್ಚಾದ ಮೇಲೆ ಜನವರಿಯಲ್ಲೇ ಕೊರೆಯತೊಡಗುವವರೂ ಇದ್ದಾರೆ. ನಮ್ಮದು ಹಿತ್ತಲ ವ್ಯವಹಾರ. ಸಭೆ ಮುಗಿಸಿ, ಅಲ್ಲಿಯ ಸಾರ್ವಜನಿಕ ಊಟ ಮುಗಿಸಿ, ಬಂದು ಡ್ರಿಲ್ ಎತ್ತಿಕೊಂಡೆ.

5/16 ಇಂಚಿನ ಬಿಟ್. ಸೊಂಟದೆತ್ತರದಲ್ಲಿ, ತುಸು ಮೇಲ್ಮುಖವಾಗಿ ಕೊರೆಯಬೇಕು, ರಸ ಹೊರಕ್ಕೆ ಇಳಿಯುವ ಹಾಗೆ. ಆಳ ಒಂದೂವರೆ ಇಂಚಿನ ಆಸುಪಾಸು. ಬಿಟ್ಟಿನ ಜೊತೆ ಬರುವ ಹೊಟ್ಟು ನೋಡುತ್ತಿರಬೇಕು: ಕೆನೆಬಣ್ಣವಿದ್ದರೆ ಜೀವಂತ ಮರ, ಕಾಫಿಬಣ್ಣ ಬಂದರೆ ಸತ್ತ ಭಾಗ, ಅಲ್ಲಿ ರಸ ಹರಿಯುವುದಿಲ್ಲ. ಎಲ್ಲದರಲ್ಲೂ ಕೆನೆಯೇ ಬಂತು. ಸ್ಟೀಲ್ ನಳಿಗೆಯನ್ನು ತೂತಿಗಿಟ್ಟು ಸಣ್ಣ ಸುತ್ತಿಗೆಯಲ್ಲಿ ತಟ್ಟುವಾಗ ಮೊದಲು ಟೊಳ್ಳು ಸದ್ದು, ಆಮೇಲೆ ಇದ್ದಕ್ಕಿದ್ದಂತೆ ಗಟ್ಟಿ ಸದ್ದು. ಅಲ್ಲಿಗೆ ನಿಲ್ಲಿಸಬೇಕು. ಇನ್ನೊಂದು ಏಟು ಹಾಕಿದರೆ ಮರ ಸೀಳುತ್ತದೆ, ರಸ ಪಕ್ಕದಿಂದ ಸೋರುತ್ತದೆ.

ದಕ್ಷಿಣಕ್ಕೆ ಮುಖ ಮಾಡಿದ ಮರದಲ್ಲಿ ಬಿಟ್ ಹೊರಗೆಳೆಯುವಷ್ಟರಲ್ಲೇ ತೂತು ಒದ್ದೆಯಾಗಿತ್ತು. ಮಗಳು ಬೆರಳೊಡ್ಡಿ ನೆಕ್ಕಿ, "ಬರೀ ನೀರಲ್ವಾ ಅಮ್ಮ?" ಅಂದಳು. ಹೌದು, ನೂರಕ್ಕೆ ತೊಂಬತ್ತೆಂಟು ಪಾಲು ನೀರೇ. ನಾವು ಹೊಂಚು ಹಾಕುತ್ತಿರುವುದು ಉಳಿದೆರಡಕ್ಕೆ.

ಮಾರ್ಚ್ 8

ಏನೂ ಇಲ್ಲ. ಮಧ್ಯಾಹ್ನವೂ ಸೊನ್ನೆಗಿಂತ ಕೆಳಗೇ. ಬಕೆಟ್‌ಗಳ ತಳದಲ್ಲಿ ಒಂದೊಂದು ಬಿಲ್ಲೆ ಮಂಜುಗಡ್ಡೆ.

ಇವರಿಗೆ ಇದರ ಒಳಗುಟ್ಟು ವಿವರಿಸಲು ಹೋಗಿ ರಾತ್ರಿ ಅಡುಗೆ ತಡವಾಯಿತು. ಬೇರು ಮೇಲಕ್ಕೆ ತಳ್ಳುವುದರಿಂದ ರಸ ಬರುತ್ತದೆ ಎಂದು ಅನೇಕರು ತಿಳಿದಿದ್ದಾರೆ. ಬರ್ಚ್ ಮರದಲ್ಲಿ ಹಾಗೆಯೇ ನಿಜ. ಮೇಪಲ್‌ನದು ಬೇರೆ. ಅದರ ಕಾಂಡದ ನಾರುಕೋಶಗಳಲ್ಲಿ ನೀರಿನ ಬದಲು ಗಾಳಿ ತುಂಬಿರುತ್ತದೆ. ರಾತ್ರಿ ಹೆಪ್ಪುಗಟ್ಟುವಾಗ ಆ ಗಾಳಿ ಕುಗ್ಗುತ್ತದೆ, ಕೋಶದ ಒಳಗೋಡೆಗೆ ಮಂಜುಗಡ್ಡೆ ಕಟ್ಟುತ್ತದೆ, ಕಾಂಡ ಕೆಳಗಿನಿಂದ ಇನ್ನಷ್ಟು ನೀರು ಹೀರಿಕೊಳ್ಳುತ್ತದೆ. ಹಗಲು ಕರಗಿದಾಗ ಅದುಮಿಟ್ಟಿದ್ದ ಗಾಳಿ ಹಿಗ್ಗಿ ರಸವನ್ನು ಹೊರಕ್ಕೆ ದೂಡುತ್ತದೆ. ಸಕ್ಕರೆ ಹೋದ ಬೇಸಿಗೆಯಲ್ಲಿ ಎಲೆಗಳು ಮಾಡಿಟ್ಟದ್ದು. ಪಿಷ್ಟವಾಗಿ ಕೂತಿದ್ದು ಚಳಿಗೆ ಮತ್ತೆ ಸಕ್ಕರೆಯಾಗಿರುತ್ತದೆ. ಹಾಗಾಗಿ ಬರೀ ಚಳಿಯಿದ್ದರೂ ಆಗದು, ಬರೀ ಬಿಸಿಲಿದ್ದರೂ ಆಗದು. ರಾತ್ರಿ ಮೈನಸ್ 5, ಹಗಲು ಪ್ಲಸ್ 5, ಇದರ ನಡುವಿನ ಓಲಾಟ ಬೇಕು.

"ಅಂದರೆ ನಿನ್ನ ಕೆಲಸ ಕಾಯುವುದು," ಅಂದರು ಇವರು. ಅದಷ್ಟೇ ಕೇಳಿಸಿಕೊಂಡದ್ದು ಅಂತ ಕಾಣುತ್ತದೆ.

ಮಾರ್ಚ್ 12

ಹರಿಯಿತು! ಬೆಳಿಗ್ಗೆ ಹತ್ತಕ್ಕೆ ಬಿಸಿಲು ತೊಗಟೆಗೆ ಬಿದ್ದದ್ದೇ ತಡ, ಒಂದೊಂದು ಬಕೆಟ್ಟಿನಿಂದ ಟಿಕ್ ಟಿಕ್. ಮಧ್ಯಾಹ್ನಕ್ಕೆ ಎರಡು ಬಕೆಟ್ ತುಂಬಿ ಚೆಲ್ಲುತ್ತಿದ್ದವು. ರಸ ಹಾಲಿನಷ್ಟೇ ಬೇಗ ಕೆಡುವ ವಸ್ತು. ದೊಡ್ಡ ಡ್ರಮ್ಮಿಗೆ ಸೋಸಿ ಸುರಿದು, ಮನೆಯ ಉತ್ತರದ ನೆರಳಿನಲ್ಲಿ ಹಿಮದೊಳಗೆ ಕುತ್ತಿಗೆವರೆಗೆ ಹೂತಿಟ್ಟೆವು.

ರಾತ್ರಿ ಮೇಲ್ಗಡೆ ಕಟ್ಟುವ ಗಡ್ಡೆಯನ್ನು ಎತ್ತಿ ಎಸೆಯಬಹುದು. ಹೆಪ್ಪುಗಟ್ಟುವುದು ಹೆಚ್ಚಾಗಿ ನೀರೇ. ಸಕ್ಕರೆ ಕೆಳಗಿನ ದ್ರವದಲ್ಲಿ ಉಳಿಯುತ್ತದೆ. ಅಷ್ಟರ ಮಟ್ಟಿಗೆ ಸೌದೆ ಉಳಿತಾಯ.

ಗಿರಾಕಿಗಳು ನಾವಷ್ಟೇ ಅಲ್ಲ. ಬಕೆಟ್ಟಿನಲ್ಲಿ ಕಂದು ಪತಂಗಗಳು ತೇಲುತ್ತಿದ್ದವು. ಮೇಲಿನ ಕೊಂಬೆಯಲ್ಲಿ ಕೆಂಪಳಿಲೊಂದು ತೊಗಟೆ ಕಚ್ಚಿ ಗುರುತು ಮಾಡಿ ಹೋಗಿದೆ. ಬರ್ನ್ಡ್ ಹೈನ್ರಿಕ್ ಎಂಬ ಜೀವವಿಜ್ಞಾನಿ 1992ರಲ್ಲಿ ಇದನ್ನೇ ಬರೆದರು: ಅಳಿಲು ಕಚ್ಚಿದ ಕೂಡಲೇ ಕುಡಿಯುವುದಿಲ್ಲ, ನೀರು ಆರಿ ಸಿಹಿ ಗಟ್ಟಿಯಾದ ಮೇಲೆ ಬಂದು ನೆಕ್ಕುತ್ತದೆ. ಸೌದೆಯ ಖರ್ಚಿಲ್ಲದ ಸಿರಪ್.

ಮಾರ್ಚ್ 15

ಬೆಳಿಗ್ಗೆ ಆರಕ್ಕೆ ಬೆಂಕಿ ಹಾಕಿದ್ದು, ಈಗ ರಾತ್ರಿ ಹತ್ತೂವರೆ. ಮೈಯೆಲ್ಲ ಹೊಗೆ ವಾಸನೆ, ಬರೆದಿಟ್ಟೇ ಮಲಗಬೇಕು.

ಕುದಿಸುವುದು ಹೊರಗೇ. 40 ಲೀಟರು ರಸಕ್ಕೆ ಒಂದು ಲೀಟರು ಸಿರಪ್ ಅಂದರೆ 39 ಲೀಟರು ಹಬೆಯಾಗಬೇಕು. ಅದನ್ನು ಅಡುಗೆಮನೆಯಲ್ಲಿ ಮಾಡಿದರೆ ಗೋಡೆಯ ಬಣ್ಣ ಸಮೇತ ಇಳಿದು ಬರುತ್ತದೆ. ಕಾಂಕ್ರೀಟ್ ಬ್ಲಾಕ್ ಜೋಡಿಸಿ ಒಲೆ, ಮೇಲೆ ಅಗಲ ಬಾಯಿಯ ಸ್ಟೀಲ್ ತಟ್ಟೆಗಳು, ಹಿಂದೆ ಹೊಗೆಕೊಳವೆ. ಆಳದ ಪಾತ್ರೆಗಿಂತ ಅಗಲದ್ದು ಬೇಕು, ಹಬೆ ಹೋಗುವುದು ಮೇಲ್ಮೈಯಿಂದ ತಾನೆ. ಹಿಂದಿನ ತಟ್ಟೆಗೆ ಹೊಸ ರಸ, ಗಟ್ಟಿಯಾದಂತೆ ಮುಂದಿನದಕ್ಕೆ. ಒಣ ಸೌದೆ ಕೈಮಣಿಕಟ್ಟಿನ ದಪ್ಪಕ್ಕೆ ಸೀಳಿದ್ದು, ಏಳೆಂಟು ನಿಮಿಷಕ್ಕೊಮ್ಮೆ ತುಂಬುತ್ತಲೇ ಇರಬೇಕು.

ನೊರೆ ಉಕ್ಕಿದಾಗ ಒಂದು ಚೂರು ಬೆಣ್ಣೆ. ಹಿಂದಿನವರು ತಟ್ಟೆಯ ಮೇಲೆ ಹಂದಿಕೊಬ್ಬಿನ ತುಂಡು ತೂಗುಹಾಕುತ್ತಿದ್ದರಂತೆ; ನೊರೆ ಏರಿ ಕೊಬ್ಬಿಗೆ ತಾಗಿದ ಕೂಡಲೇ ಕೂತುಬಿಡುವುದು. ಬೆಣ್ಣೆ ಇದೆ, ಸಾಕು.

ಆ ಹೊತ್ತಿಗೇ ಅಪ್ಪನ ವಿಡಿಯೊ ಕರೆ. ನಮ್ಮೂರು ಸಿದ್ದಾಪುರದ ಕಡೆಯೂ ಆಲೆಮನೆ ನಡೆಯುವುದು ಇದೇ ತಿಂಗಳುಗಳಲ್ಲಿ. ಫೋನನ್ನು ಒಲೆಯ ಕಡೆ ತಿರುಗಿಸಿದೆ.

"ಕೂಸೇ, ಸುಣ್ಣ ಎಷ್ಟು ಹಾಕ್ತೆ?"

ಸುಣ್ಣ ಬೇಡ, ಬೆಂಡೆಗಿಡದ ಲೋಳೆಯೂ ಬೇಡ, ಇದು ಮೊದಲೇ ತಿಳಿ ಅಂದೆ. ನಂಬಿಕೆ ಬರಲಿಲ್ಲ. ಕಬ್ಬಿನ ಹಾಲಿನಲ್ಲಿ ಹದಿನೈದು-ಇಪ್ಪತ್ತು ಪಾಲು ಸಿಹಿ ಇರುವಾಗ ಎರಡೇ ಪಾಲಿನ ರಸಕ್ಕೆ ಇಷ್ಟು ಸೌದೆ ಸುಡುವುದೆಂದರೆ ಅವರಿಗೆ ಹೊಟ್ಟೆ ಉರಿಯುತ್ತದೆ. ಕೊಪ್ಪರಿಗೆ ಇಳಿಸುವ ಹೊತ್ತಿಗೆ ಯಾರೊಡನೆಯೂ ಮಾತಾಡದ ಮನುಷ್ಯ ಇವತ್ತು ಅರ್ಧ ಗಂಟೆ ತೆರೆಯ ಮೇಲೆಯೇ ಕೂತು, ಬೆಂಕಿ ಎಡಗಡೆ ಕಮ್ಮಿಯಾಯಿತು, ಬಲಗಡೆ ಜಾಸ್ತಿಯಾಯಿತು ಎನ್ನುತ್ತಿದ್ದರು. ಎಡಗಡೆ ನಿಜವಾಗಿಯೂ ಕಮ್ಮಿಯಾಗಿತ್ತು.

ಕೊನೆಯ ಹದ ಒಳಗೆ ಗ್ಯಾಸಿನ ಮೇಲೆ. ನೀರು ಕುದಿಯುವ ಬಿಂದುವಿಗಿಂತ 7 ಡಿಗ್ರಿ ಫ್ಯಾರನ್‌ಹೀಟ್ ಮೇಲೆ ಬಂದಾಗ ಸಿರಪ್. ಅಂದರೆ ಸುಮಾರು 219. ಆದರೆ ಗಾಳಿಯ ಒತ್ತಡ ಬದಲಾದಂತೆ ನೀರು ಕುದಿಯುವ ಬಿಂದುವೂ ಬದಲಾಗುತ್ತದೆ, ಅದಕ್ಕೆ ಪ್ರತಿ ಸಲ ಮೊದಲು ಬರೀ ನೀರು ಕುದಿಸಿ ಥರ್ಮಾಮೀಟರ್ ನೋಡಿಕೊಳ್ಳುತ್ತೇನೆ. ಅಲ್ಲಿಂದ ಮುಂದೆ ಕಣ್ಣು ತೆಗೆಯುವಂತಿಲ್ಲ. ತಾಸುಗಟ್ಟಲೆ ತೂಕಡಿಸುತ್ತಿದ್ದ ಪಾಕ ಕೊನೆಯ ಎರಡು ನಿಮಿಷದಲ್ಲಿ ಚಿನ್ನದ ಗುಳ್ಳೆಗಳಾಗಿ ಮೇಲೇಳುತ್ತದೆ. ಸೌಟು ಅದ್ದಿ ಎತ್ತಿದರೆ ಮೊದಲು ಹನಿಹನಿ. ಆಮೇಲೆ ಅಂಚಿನಲ್ಲಿ ಎರಡು ಹನಿ ಒಂದಕ್ಕೊಂದು ಅಂಟಿ, ಅಗಲವಾಗಿ ಜೋತು, ಹಾಳೆಯಾಗಿ ಕಳಚಿಕೊಳ್ಳುತ್ತದೆ. ಇಳಿಸುವುದು ಆಗಲೇ. ನೀರಾದರೆ ಬೂಸು ಹಿಡಿಯುತ್ತದೆ, ಗಟ್ಟಿಯಾದರೆ ಶೀಶೆಯ ತಳದಲ್ಲಿ ಕಲ್ಲುಸಕ್ಕರೆ.

ಇಳಿಸಿದ ಮೇಲೆ ನೋಡಿದರೆ ಬೂದುಮರಳಿನಂಥ ಗಸಿ. ರಸದಲ್ಲಿದ್ದ ಸುಣ್ಣದ ಅಂಶ ಮ್ಯಾಲಿಕ್ ಆಮ್ಲದೊಡನೆ ಸೇರಿ ಹೀಗಾಗುತ್ತದೆ. ಅಪ್ಪನ ಸುಣ್ಣ ಮರದಲ್ಲೇ ಇತ್ತು! ದಪ್ಪ ಫೆಲ್ಟ್ ಚೀಲದಲ್ಲಿ ಬಿಸಿಯಿರುವಾಗಲೇ ಸೋಸಿ, ಬಿಸಿಯಿರುವಾಗಲೇ ಶೀಶೆಗೆ. ಬಣ್ಣ ತೆಳು ಚಹಾ. ಪರಿಮಳ ಹೂವಿನ ಹತ್ತಿರದ್ದು, ನಾಲಿಗೆಗೆ ಮಾತ್ರ ಬೇಗ ಮರೆತುಹೋಗುತ್ತದೆ.

ಮಾರ್ಚ್ 22

ಈ ವಾರಾಂತ್ಯ ಶುಗರ್‌ಹೌಸ್‌ಗಳೆಲ್ಲ ಬಾಗಿಲು ತೆರೆದು ಜನರನ್ನು ಕರೆಯುತ್ತವೆ. ಗುಡ್ಡದಾಚೆಯದಕ್ಕೆ ಹೋಗಿದ್ದೆವು. ಬಕೆಟ್ ಒಂದೂ ಇಲ್ಲ. ಮರದಿಂದ ಮರಕ್ಕೆ ನೀಲಿ ಪ್ಲಾಸ್ಟಿಕ್ ಕೊಳವೆ, ಕೆಳಗೆ ವ್ಯಾಕ್ಯೂಮ್ ಪಂಪು, ಒಳಗೆ ರಿವರ್ಸ್ ಆಸ್ಮಾಸಿಸ್ ಯಂತ್ರ. ಬೆಂಕಿ ಕಾಣುವ ಮೊದಲೇ ಮುಕ್ಕಾಲು ನೀರು ಹೋಗಿರುತ್ತದೆ. ಇದನ್ನು ನೋಡಿ ಮೂಗು ಮುರಿಯುವವರಿದ್ದಾರೆ. ಸೌದೆ ಒಡೆದ ಕೈಗೆ ಹಾಗೆ ಅನ್ನಿಸುವುದಿಲ್ಲ.

ಮಕ್ಕಳಿಗೆ ಹಿಮದ ಮೇಲೆ ಬಿಸಿ ಪಾಕ ಸುರಿದು ಕೊಟ್ಟರು, ಜೊತೆಗೆ ಹುಳಿ ಸೌತೆ ಉಪ್ಪಿನಕಾಯಿ, ಡೋನಟ್. ಸಿಹಿ ತಿಂದು ಮುಖ ಕಟ್ಟಿದಾಗ ಹುಳಿ, ಆಮೇಲೆ ಮತ್ತೆ ಸಿಹಿ. ಬುದ್ಧಿವಂತರ ಊಟ.

ಅಲ್ಲಿಯ ಗೋಡೆಯ ಮೇಲೆ ಹಳೆಯ ಬಕೆಟ್ಟು, ಹಳೆಯ ಫೋಟೋ. ಈ ನೆಲದ ಅಬೆನಕಿ ಜನ ಬರ್ಚ್ ತೊಗಟೆಯ ಪಾತ್ರೆಯಲ್ಲಿ ರಸ ಹಿಡಿಯುತ್ತಿದ್ದರು. ಬಿಳಿಯರು ಕಲಿತದ್ದು ಅವರಂಥವರಿಂದ. ಆಮೇಲಿನ ಕಥೆ ಇನ್ನೂ ವಿಚಿತ್ರ. 1791ರಲ್ಲಿ ಫಿಲಡೆಲ್ಫಿಯಾದ ವೈದ್ಯ ಬೆಂಜಮಿನ್ ರಶ್, ಥಾಮಸ್ ಜೆಫರ್ಸನ್‌ಗೆ ಮೇಪಲ್ ಸಕ್ಕರೆಯ ಬಗ್ಗೆ ಉದ್ದದ ಪತ್ರ ಬರೆದ. ಕೆರಿಬಿಯನ್‌ನ ಗುಲಾಮರ ಕೈಯಿಂದ ಬರುವ ಕಬ್ಬಿನ ಸಕ್ಕರೆ ಬಿಟ್ಟು ಇದನ್ನು ತಿನ್ನೋಣ ಎಂಬ ಆಸೆ. ಜೆಫರ್ಸನ್‌ಗೂ ಉತ್ಸಾಹ ಬಂದು ಮಾಂಟಿಸೆಲ್ಲೊದಲ್ಲಿ ಮೇಪಲ್ ಸಸಿ ನೆಡಿಸಿದ. ಹೆಚ್ಚಿನವು ಸತ್ತವು. ಗುಲಾಮರ ಸಕ್ಕರೆಗೆ ಬದಲಿಯಾಗಬೇಕಿದ್ದ ಆ ಮರಗಳಿದ್ದ ತೋಟದಲ್ಲಿ ದುಡಿಯುತ್ತಿದ್ದವರೂ ಅವನ ಗುಲಾಮರೇ. ಮಗಳು ಇದನ್ನು ಕೇಳಿ ಬಹಳ ಹೊತ್ತು ಸಿಟ್ಟಾಗಿದ್ದಳು.

ಮಾರಾಟದ ಕಪಾಟಿನಲ್ಲಿ ನಾಲ್ಕು ಬಣ್ಣ: ಗೋಲ್ಡನ್, ಆಂಬರ್, ಡಾರ್ಕ್, ವೆರಿ ಡಾರ್ಕ್. 2014ರವರೆಗೆ ಕೊನೆಯದಕ್ಕೆ ಹತ್ತಿರದ್ದನ್ನು 'ಗ್ರೇಡ್ ಬಿ' ಎಂದು ಕರೆದು ಕೆಳಗಿನ ಸಾಲಿಗೆ ತಳ್ಳುತ್ತಿದ್ದರು. ಈಗ ಎಲ್ಲವೂ ಗ್ರೇಡ್ ಎ. ಜಾತಿ ತೆಗೆದುಹಾಕಿದರೂ ಉಡುಗೊರೆಗೆ ಕೊಳ್ಳುವವರು ಗೋಲ್ಡನ್ನನ್ನೇ ಎತ್ತಿಕೊಳ್ಳುತ್ತಿದ್ದರು.

ಮಾರ್ಚ್ 30

ಯುಗಾದಿ. ಬೇವಿಲ್ಲ, ಹುರಿದ ಮೆಂತ್ಯ. ಬೆಲ್ಲದ ಜಾಗಕ್ಕೆ ನಿನ್ನೆ ಇಳಿಸಿದ ಸಿರಪ್. ರಸ್ತೆಯೆಲ್ಲ ಕೆಸರು, ಹಬ್ಬಕ್ಕೆ ಬರಬೇಕಿದ್ದ ಗೆಳತಿಯ ಕಾರು ತಿರುವಿನಲ್ಲೇ ಹೂತು, ಕೊನೆಗೆ ಟ್ರ್ಯಾಕ್ಟರಿನಲ್ಲಿ ಎಳೆಸಿಕೊಂಡು ಬಂದಳು.

ಈ ಸಲದ ಪಾಕ ಗಾಢ ಕಂದು. ಬೆಂಕಿ ಅದೇ, ತಟ್ಟೆ ಅದೇ, ಕೈ ಅದೇ. ಬದಲಾದದ್ದು ಹವೆ. ದಿನ ಬೆಚ್ಚಗಾದಂತೆ ರಸದೊಳಗೆ ಸೂಕ್ಷ್ಮಜೀವಿಗಳು ಹೆಚ್ಚುತ್ತವೆ, ಸುಕ್ರೋಸನ್ನು ಗ್ಲೂಕೋಸ್, ಫ್ರಕ್ಟೋಸ್ ಆಗಿ ಒಡೆಯುತ್ತವೆ. ಒಡೆದ ಸಕ್ಕರೆ ಕುದಿಯುವಾಗ ಬೇಗ ಕೆಂಪಾಗುತ್ತದೆ, ರುಚಿಯೂ ಗಟ್ಟಿಯಾಗುತ್ತದೆ. ಪಾಕ ನನ್ನ ಕೈಗುಣ ಎಂದು ಹೊಗಳಿಸಿಕೊಳ್ಳುವಂತಿಲ್ಲ. ಕಿಟಕಿಯಲ್ಲಿ ಸಾಲಾಗಿಟ್ಟ ಶೀಶೆಗಳಲ್ಲಿ ಈ ತಿಂಗಳ ಚಳಿ ಹೇಗೆ ಇಳಿಯಿತು ಎಂಬುದನ್ನು ಎಡದಿಂದ ಬಲಕ್ಕೆ ಓದಬಹುದು.

ದೋಸೆಗೆ ಎರಡನ್ನೂ ಹಾಕಿ ನೋಡಿದೆವು. ತೆಳು ಚಹಾ ಬಣ್ಣದ್ದು ದೋಸೆಯ ಹುಳಿಯ ಮುಂದೆ ನಿಲ್ಲಲಿಲ್ಲ. ಕಂದಿನದು ನಿಂತಿತು: ಸುಟ್ಟ ಸಕ್ಕರೆ, ತುಸು ಹೊಗೆ, ಕೊನೆಯಲ್ಲಿ ಮರದ ಒಗರು. ಜೋನಿ ಬೆಲ್ಲದ ಉಪ್ಪು-ಖನಿಜದ ರುಚಿ ಇದಕ್ಕಿಲ್ಲ. ಜೋನಿಯಷ್ಟು ಮಂದವೂ ಅಲ್ಲ, ತಟ್ಟೆಯಲ್ಲಿ ಓಡುತ್ತದೆ. ಗೆಳತಿ ಮೂರನೆಯ ದೋಸೆಗೂ ಕಂದನ್ನೇ ಕೇಳಿದಳು. ಅಂಗಡಿಯಲ್ಲಿ ಪ್ಯಾನ್‌ಕೇಕ್ ಸಿರಪ್ ಎಂದು ಮಾರುವುದರಲ್ಲಿ ಅನೇಕವು ಬರೀ ಜೋಳದ ಸಿರಪ್ ಮತ್ತು ಬಣ್ಣ, ಮರದ ಹನಿಯೂ ಇಲ್ಲ. ಇಲ್ಲಿ ವರ್ಷಗಟ್ಟಲೆ ಇದ್ದೂ ಅದನ್ನೇ ಮೇಪಲ್ ಎಂದುಕೊಂಡು ಊರಿಗೆ ಹೊತ್ತೊಯ್ಯುವ ನಮ್ಮವರಿದ್ದಾರೆ.

ಏಪ್ರಿಲ್ 6

ರಾತ್ರಿ ಹೆಪ್ಪುಗಟ್ಟುವುದು ನಿಂತಿದೆ. ಕೆರೆಯ ಕಡೆ ಪುಟ್ಟ ಕಪ್ಪೆಗಳ ಕೂಗು ಶುರುವಾಗಿದೆ. ಈ ಹೊತ್ತಿನ ರಸಕ್ಕೆ ಇಲ್ಲಿ 'ಕಪ್ಪೆ ಹರಿವು' ಅನ್ನುತ್ತಾರೆ. ಬಕೆಟ್ಟಿನಲ್ಲಿದ್ದದ್ದು ಹಳದಿಗಟ್ಟಿ ಮಸುಕಾಗಿತ್ತು. ಪರೀಕ್ಷೆಗೆಂದು ಒಂದಿಷ್ಟು ಕುದಿಸಿದರೆ ಹಸಿ ಆಲೂಗಡ್ಡೆ ಸಿಪ್ಪೆಯ ಥರದ ವಾಸನೆ. ಮೊಗ್ಗು ಉಬ್ಬತೊಡಗಿದಾಗ ರಸದ ಅಮೈನೊ ಆಮ್ಲಗಳು ಬದಲಾಗಿ ಹೀಗಾಗುತ್ತದೆ. ಚೆಲ್ಲಿದೆ.

ಸುತ್ತಿಗೆಯ ಹಿಂಭಾಗದಿಂದ ನಳಿಗೆಗಳನ್ನು ಕಿತ್ತೆ. ತೂತಿಗೆ ಬೆಣೆ ಹೊಡೆಯುವುದಿಲ್ಲ, ಮೇಣ ಮೆತ್ತುವುದಿಲ್ಲ. ಮರ ತಾನೇ ಮುಚ್ಚಿಕೊಳ್ಳುತ್ತದೆ. ಒಳಗೆ ಮಾತ್ರ ತೂತಿನ ಮೇಲಕ್ಕೂ ಕೆಳಕ್ಕೂ ಒಂದು ಪಟ್ಟಿ ಸತ್ತ ಮರವಾಗಿ ಉಳಿಯುತ್ತದೆ, ಅಲ್ಲಿ ಇನ್ನೆಂದೂ ರಸ ಬರದು. ಬರುವ ವರ್ಷ ಅದರಿಂದ ದೂರ ಸರಿದು ಕೊರೆಯಬೇಕು. ಯಾವ ಮರದ ಯಾವ ಬದಿ ಎಂದು ಈ ಪುಸ್ತಕದ ಹಿಂದಿನ ಹಾಳೆಯಲ್ಲಿ ಚಿತ್ರ ಬರೆದಿಟ್ಟಿದ್ದೇನೆ.

ಗೋಲ್ಡನ್ ಶೀಶೆಗಳು ಪಕ್ಕದ ಮನೆಗೆ, ಮಗಳ ಟೀಚರಿಗೆ, ಇವರ ಆಫೀಸಿಗೆ. ಕಂದಿನವು ಮನೆಗೆ; ಅದರಲ್ಲೊಂದು ಡಿಸೆಂಬರಿನಲ್ಲಿ ಅಪ್ಪನಿಗೆ, ಸುಣ್ಣ ಹಾಕದ್ದು ಎಂದು ಚೀಟಿ ಅಂಟಿಸಿ. ಇವರು ಆಗಲೇ ಇದರ ಎರಡರಷ್ಟು ಅಗಲದ ತಟ್ಟೆಯ ಬೆಲೆ ನೋಡುತ್ತಿದ್ದಾರೆ. ಸೌದೆ ಯಾರು ಒಡೆಯುವುದು ಎಂಬುದು ಮೊದಲು ಇತ್ಯರ್ಥವಾಗಲಿ ಅಂದಿದ್ದೇನೆ.