ಕದ್ದ ಅರ್ಧ ಗಂಟೆಗಳು

ಎಂಬತ್ತರ ದಶಕದ ಕೊನೆಯಲ್ಲಿ ಮೈಸೂರಿನಲ್ಲಿ ಪ್ರೀತಿಸುವವರು ಊರಿನ ಕಣ್ಣು ತಪ್ಪಿಸುವುದನ್ನು ಮೊದಲು ಕಲಿಯಬೇಕಿತ್ತು. ದೇವರಾಜ ಮಾರುಕಟ್ಟೆಗೆ ಹೋದರೆ ಅಪ್ಪನ ಸ್ನೇಹಿತರು, ಸಿಟಿ ಬಸ್ ಹತ್ತಿದರೆ ಪಕ್ಕದ ಬೀದಿಯವರು. ಮಾನಸಗಂಗೋತ್ರಿಯಲ್ಲಿ ಓದುತ್ತಿದ್ದ ನನಗೂ ಇವರಿಗೂ ಉಳಿದಿದ್ದು ಕುಕ್ಕರಹಳ್ಳಿ ಕೆರೆಯ ಏರಿ. ಬೆಳಿಗ್ಗೆ, ಸಂಜೆ ಅಲ್ಲಿ ವಾಕಿಂಗಿನವರ ಕಾಟ. ಹಾಗಾಗಿ ನಮ್ಮ ಸಮಯ ನಡುಮಧ್ಯಾಹ್ನ. ಹೆಜ್ಜಾರ್ಲೆಗಳೂ ನೆರಳು ಹಿಡಿದು ಕೂತ ಹೊತ್ತಿನಲ್ಲಿ ನಾವು ಎದೆಗೆ ಪುಸ್ತಕ ಒತ್ತಿಕೊಂಡು, ನಡುವೆ ಒಂದು ಮಾರು ಅಂತರ ಬಿಟ್ಟು ನಡೆಯುತ್ತಿದ್ದೆವು. ಆ ಬಿಸಿಲು ನಮಗೆ ತಟ್ಟಿದ ನೆನಪೇ ಇಲ್ಲ.

ಇವರು ಕೊಡಿಸಿದ ಮೊಳ ಮಲ್ಲಿಗೆಯನ್ನು ಮುಡಿದು ಮನೆಗೆ ಹೋಗುವಂತಿರಲಿಲ್ಲ. ದಾರಿಯುದ್ದಕ್ಕೂ ಮುಡಿದಿದ್ದು, ಬೀದಿ ತಿರುವಿನ ಗಣಪತಿಗೆ ಅರ್ಪಿಸಿ ಒಳಗೆ ಹೋಗುತ್ತಿದ್ದೆ. ಆದರೂ ರಾತ್ರಿಯೆಲ್ಲ ಜಡೆ ಘಮ್ಮೆನ್ನುತ್ತಿತ್ತು.

ಬೇಸಿಗೆ ರಜೆಯಲ್ಲಿ ಇವರು ಹಾಸನದ ಕಡೆಯ ತಮ್ಮೂರಿಗೆ ಹೋದರೆ ನೀಲಿ ಇನ್‌ಲ್ಯಾಂಡ್ ಲೆಟರೇ ಗತಿ. ಕಳುಹಿಸಿದವರ ಜಾಗದಲ್ಲಿ ನನ್ನ ಗೆಳತಿಯ ಹೆಸರು. ಅಮ್ಮ ಒಡೆದು ಓದಿದರೂ ಸಿಗುತ್ತಿದ್ದುದು ಪರೀಕ್ಷೆ, ಮಾವಿನಹಣ್ಣು, ತಂಗಿಯ ಜ್ವರದ ಸುದ್ದಿ. 'ನಮ್ಮ ಕಡೆ ಮಳೆ ಹಿಡೀತು' ಎಂಬ ಒಂದು ಸಾಲು ಮಾತ್ರ ನನಗೆ: ಮುಂದಿನ ವಾರ ಬರುತ್ತೇನೆ ಎಂದು ಅದರ ಅರ್ಥ. ಪತ್ರದಲ್ಲಿ ಮಳೆ ಹಿಡಿದರೆ ನಾನು ಸೀರೆ ಆರಿಸಲು ಶುರು ಮಾಡುತ್ತಿದ್ದೆ.

ಆಮೇಲೆ ಇವರಿಗೆ ಬೆಂಗಳೂರಿನಲ್ಲಿ ಕೆಲಸವಾಯಿತು. ಹಳದಿ ಬೋರ್ಡಿನ ಎಸ್‌ಟಿಡಿ ಬೂತುಗಳು ಬೀದಿಗೊಂದು ತಲೆಯೆತ್ತುತ್ತಿದ್ದ ಕಾಲ. ರಾತ್ರಿ ತಡವಾದಷ್ಟೂ ದರ ಇಳಿಯುತ್ತಿತ್ತು, ಆದರೆ ಆ ಹೊತ್ತಿನಲ್ಲಿ ನಮ್ಮ ಮನೆಯ ಫೋನ್ ಎತ್ತುವವರು ಅಪ್ಪ. ಅದಕ್ಕೇ ಎರಡು ರಿಂಗ್ ಆಗಿ ನಿಲ್ಲುತ್ತಿತ್ತು. ಎತ್ತದ ಕರೆಗೆ ದುಡ್ಡಿಲ್ಲ. 'ಈ ಲೈನೇ ಸರಿಯಿಲ್ಲ' ಎಂದು ಅಪ್ಪ ಮಗ್ಗುಲು ಬದಲಿಸಿದರೆ, ನಾನು ನೆಮ್ಮದಿಯಾಗಿ ಕಣ್ಣು ಮುಚ್ಚುತ್ತಿದ್ದೆ.

ಆ ಕದ್ದುಮುಚ್ಚಿದ ಪ್ರೀತಿಯಲ್ಲಿ ಅಷ್ಟೊಂದು ಸೆಳೆತ ಏನಿತ್ತು? ಮನೆಯವರನ್ನು ಏಮಾರಿಸುವ ಖುಷಿಯಂತೂ ಅಲ್ಲ. ಸುಳ್ಳು ಹೇಳಿದ ದಿನ ಗಂಟಲಲ್ಲಿ ಅನ್ನ ಇಳಿಯುತ್ತಿರಲಿಲ್ಲ. ಇಬ್ಬರಿಗೆ ಮಾತ್ರ ಗೊತ್ತಿದ್ದ ಆ ಗುಟ್ಟು ನಾವು ಜೊತೆಯಾಗಿ ಮಾಡಿಕೊಂಡ ಮೊದಲ ಆಸ್ತಿಯಾಗಿತ್ತು. ಕೆಲಸ, ಮನೆ, ಮಕ್ಕಳು ಎಲ್ಲ ಆಮೇಲೆ ಬಂದವು. ಸಿಗುತ್ತಿದ್ದುದು ಅರ್ಧ ಗಂಟೆಯಾದ್ದರಿಂದ ಅದರಲ್ಲಿ ಒಂದು ಮಾತೂ ಪೋಲಾಗುತ್ತಿರಲಿಲ್ಲ. ಇವರು ನಾನು ಹೇಳಿದ್ದನ್ನೆಲ್ಲ ಕೇಳುತ್ತಿದ್ದರು, ಹೇಳದೆ ಬಿಟ್ಟದ್ದನ್ನೂ.

ಆ ಗುಟ್ಟಿಗೆ ಬೆಲೆ ತೆತ್ತವರು ಹೆಚ್ಚಾಗಿ ಹೆಣ್ಣುಮಕ್ಕಳು. ಒಂದು ಪತ್ರ ಸಿಕ್ಕಿಬಿದ್ದು ಓದು ನಿಂತುಹೋದ ಸಹಪಾಠಿಗಳಿದ್ದರು. ಆತುರಾತುರವಾಗಿ ಮದುವೆಯಾಗಿ ಹೋಗಬೇಕಾಗಿ ಬಂದವರಿದ್ದರು. ಆ ಭಯ ಯಾವ ಹುಡುಗಿಗೂ ಮರಳಿ ಬರುವುದು ಬೇಡ. ಕೆರೆ ಏರಿಯ ಮೇಲೆ ಇಂದಿನ ಮಕ್ಕಳು ಸಂಜೆ ಹೊತ್ತಲ್ಲೇ ಅಳುಕಿಲ್ಲದೆ ಕೂತಿರುವುದನ್ನು ಕಂಡರೆ ನನಗೆ ಸಂತೋಷವೇ.

ನನಗೆ ಉಳಿಸಿಕೊಳ್ಳಬೇಕೆನಿಸುವುದು ಆ ಅರ್ಧ ಗಂಟೆಗಳ ಏಕಾಗ್ರತೆಯನ್ನು. ಅಂದು ಹೆದರಿಕೆ ಅದನ್ನು ನಮಗೆ ಕಲಿಸಿತು. ಇಂದು ಬಯಸಿದಾಗಲೆಲ್ಲ ಮುಖ ಕಾಣುವ, ದನಿ ಕೇಳುವ ಸವಲತ್ತಿದೆ; ಪ್ರೀತಿಸುವವರು ಅದನ್ನು ತಾವಾಗಿಯೇ ಕಲಿಯಬೇಕು. ದಿನಕ್ಕೊಂದು ಅರ್ಧ ಗಂಟೆಯನ್ನು ಲೋಕದಿಂದ ಕದ್ದು ಪರಸ್ಪರರಿಗೆ ಕೊಡಬೇಕು. ಮದುವೆಯಾಗಿ ಇಷ್ಟು ವರ್ಷಗಳಾದ ಮೇಲೂ ನಾವಿಬ್ಬರೂ ಹಾಗೇ ಬದುಕುತ್ತಿದ್ದೇವೆ.