ಕವಡಿಪಾಟ್ ಕೆಸರಿಗೆ ಬರುವ ಟುಂಡ್ರಾ

ಪುಣೆಯಲ್ಲಿ ಕುಳಿತು ಉತ್ತರ ಧ್ರುವದ ಬಗ್ಗೆ ದಪ್ಪ ಪುಸ್ತಕ ಬರೆದವರು ಬಾಲ ಗಂಗಾಧರ ತಿಲಕರು. 1897ರಲ್ಲಿ ರಾಜದ್ರೋಹದ ಆರೋಪದ ಮೇಲೆ ಅವರಿಗೆ ಹದಿನೆಂಟು ತಿಂಗಳ ಶಿಕ್ಷೆಯಾಯಿತು. ಆ ಅವಧಿಯ ಕೊನೆಯ ಭಾಗವನ್ನು ಅವರು ಕಳೆದದ್ದು ಯರವಡಾ ಜೈಲಿನಲ್ಲಿ. ಮ್ಯಾಕ್ಸ್ ಮುಲ್ಲರ್ ತಾವು ಸಂಪಾದಿಸಿದ ಋಗ್ವೇದದ ಪ್ರತಿಯನ್ನು ಅವರಿಗೆ ಕಳಿಸಿಕೊಟ್ಟಿದ್ದರು. ರಾತ್ರಿ ಕೆಲವು ಗಂಟೆ ಅದನ್ನು ಓದಲು ಅನುಮತಿಯೂ ಸಿಕ್ಕಿತ್ತು. ಆ ಓದಿನ ಫಲವೇ 1903ರಲ್ಲಿ ಹೊರಬಂದ 'ದಿ ಆರ್ಕ್ಟಿಕ್ ಹೋಮ್ ಇನ್ ದ ವೇದಾಸ್'.

ತಿಲಕರ ವಾದ ಇಂದು ಪಂಡಿತರಲ್ಲಿ ನಿಲ್ಲುವುದಿಲ್ಲ. ಭಾಷಾಶಾಸ್ತ್ರ, ಪುರಾತತ್ತ್ವ, ವಂಶವಾಹಿ ವಿಜ್ಞಾನ, ಯಾವುದೂ ಅದನ್ನು ಒಪ್ಪಿಲ್ಲ. ಆದರೂ ಅವರು ಓದಿದ ಬಗೆ ನೋಡಬೇಕು. ವೇದದಲ್ಲಿ ಉಷೆಯ ವರ್ಣನೆ ಇಷ್ಟು ದೀರ್ಘವೇಕೆ? ಉಷೆಯರು ಮೂವತ್ತು ಮಂದಿ ಸೋದರಿಯರು ಎಂದು ತೈತ್ತಿರೀಯ ಸಂಹಿತೆ ಹೇಳುವುದೇಕೆ? ಹತ್ತು ತಾಸಿನಲ್ಲಿ ಮುಗಿದುಹೋಗುವ ಇರುಳನ್ನು ಸುಖವಾಗಿ ದಾಟಿಸು ಎಂದು ಯಾರಾದರೂ ಅಷ್ಟು ಭಯದಿಂದ ಬೇಡುತ್ತಾರೆಯೇ? ದೇವರಿಗೆ ಆರು ತಿಂಗಳು ಹಗಲು, ಆರು ತಿಂಗಳು ರಾತ್ರಿ ಎಂಬ ಮಾತು ಬಂದದ್ದಾದರೂ ಎಲ್ಲಿಂದ? ವಕೀಲಿ ಓದಿದವರು ಸಾಕ್ಷಿಯನ್ನು ಪಾಟೀಸವಾಲಿಗೆ ಒಡ್ಡುವಂತೆ ಅವರು ಮಂತ್ರಗಳನ್ನು ಒಡ್ಡಿದ್ದಾರೆ. ಉತ್ತರವೂ ವಕೀಲರದ್ದೇ: ಹಾಡಿದವರ ಪೂರ್ವಿಕರು ಧ್ರುವದ ಬಳಿ ಬಾಳಿದ್ದವರು, ಅಂದು ಅಲ್ಲಿ ಸದಾ ವಸಂತದಂಥ ಹವೆಯಿತ್ತು, ಹಿಮ ಮರಳಿ ಬಂದಾಗ ಅವರು ದಕ್ಷಿಣಕ್ಕೆ ಹೊರಟರು.

ಅವರ ಧ್ರುವದಲ್ಲಿ ಬೆಳಕು ಎಷ್ಟು ಬೇಕಾದರೂ ಇದೆ. ನೆಲ ಕಡಿಮೆ. ಕಾಲು ಹೂತುಹೋಗುವ ಕೆಸರಿಗೆ, ಮೂಗು ಬಾಯಿಗೆ ನುಗ್ಗುವ ಸೊಳ್ಳೆಗೆ ಅಲ್ಲಿ ಜಾಗ ಸಿಕ್ಕಿಲ್ಲ.

ಟುಂಡ್ರಾ ಎಂದರೆ ಮುಖ್ಯವಾಗಿ ನೆಲದ ಕಥೆ. ಅಲ್ಲಿ ಬೀಳುವ ಮಳೆ, ಹಿಮ ಎರಡನ್ನೂ ಕೂಡಿಸಿದರೂ ಅನೇಕ ಕಡೆ ವರ್ಷಕ್ಕೆ 250 ಮಿಲಿಮೀಟರ್ ದಾಟುವುದಿಲ್ಲ. ಬರದ ಜಿಲ್ಲೆ ಎನ್ನುವ ವಿಜಯಪುರದಲ್ಲೂ ಅದರ ಎರಡು ಪಟ್ಟು ಬೀಳುತ್ತದೆ. ಲೆಕ್ಕದಲ್ಲಿ ಅದು ಮರುಭೂಮಿ. ಆದರೆ ಬೇಸಿಗೆಯಲ್ಲಿ ಇಡೀ ನಾಡು ಜೌಗು. ಕಾರಣ ಸರಳ: ಮೇಲಿನ ಮೊಳ, ಎರಡು ಮೊಳ ಮಣ್ಣು ಮಾತ್ರ ಕರಗುತ್ತದೆ. ಅದರ ಕೆಳಗೆ ಸಾವಿರಾರು ವರ್ಷಗಳಿಂದ ಕರಗದ ಹೆಪ್ಪುನೆಲ. ಬಿದ್ದ ನೀರಿಗೆ ಇಂಗಲು ದಾರಿಯಿಲ್ಲ, ಆ ಚಳಿಯಲ್ಲಿ ಆರುವುದೂ ನಿಧಾನ. ಹಾಗಾಗಿ ಎಲ್ಲೆಲ್ಲೂ ಹೊಂಡ, ಹೊಂಡದ ತುಂಬ ಸೊಳ್ಳೆ ಮತ್ತು ನೊಣದ ಮರಿಹುಳು. ಬೇರು ಆಳಕ್ಕೆ ಇಳಿಯದ್ದರಿಂದ ಮರವೂ ಏಳುವುದಿಲ್ಲ. ಅಲ್ಲಿನ ವಿಲೋ ಗಿಡ ನೂರು ವರ್ಷ ದಾಟಿದ್ದರೂ ಗೇಣು ಎತ್ತರಕ್ಕೆ ಮೇಲೇಳದೆ ನೆಲ ತಬ್ಬಿಕೊಂಡು ಹರಡುತ್ತದೆ. ಹಿಮಸಾರಂಗ ಮೇಯುವ ಕಲ್ಲುಹೂವು ವರ್ಷಕ್ಕೆ ಬೆಳೆಯುವುದು ಕೆಲವೇ ಮಿಲಿಮೀಟರ್. ಒಮ್ಮೆ ಬೋಳಾದ ಮೇವುಮಾಳ ಮತ್ತೆ ತುಂಬಲು ಒಂದು ತಲೆಮಾರು ಬೇಕು.

ಹಳೆಯ ಕಾಲದಲ್ಲಿ ಮನುಷ್ಯರು ಅಲ್ಲಿದ್ದದ್ದು ಮಾತ್ರ ನಿಜ. ಸೈಬೀರಿಯಾದ ಯಾನಾ ನದಿಯ ದಂಡೆಯಲ್ಲಿ, ಆರ್ಕ್ಟಿಕ್ ವೃತ್ತಕ್ಕಿಂತಲೂ ಬಹಳ ಮೇಲೆ, ಸುಮಾರು 31,000 ವರ್ಷ ಹಿಂದಿನ ಬೇಟೆಗಾರರ ನೆಲೆ ಸಿಕ್ಕಿದೆ. ಮ್ಯಾಮತ್ ದಂತದ ಆಯುಧಗಳು ಸಿಕ್ಕಿವೆ, ಕಣ್ಣಿರುವ ಮೂಳೆಯ ಸೂಜಿಗಳು ಸಿಕ್ಕಿವೆ, ಇಬ್ಬರು ಮಕ್ಕಳ ಬಿದ್ದ ಹಾಲುಹಲ್ಲುಗಳೂ ಸಿಕ್ಕಿವೆ. ಅವರಿಗೆ ವಸಂತದ ಹವೆ ಇರಲಿಲ್ಲ. ಇದ್ದದ್ದು ತುಪ್ಪುಳದ ಬಟ್ಟೆ ಹೊಲಿಯುವ ಆ ಸೂಜಿ. ತಿಲಕರ ಕೈಗೆ ಈ ಸುದ್ದಿ ಸಿಕ್ಕಿದ್ದರೆ ಇನ್ನೊಂದು ಸಂಪುಟ ಖಂಡಿತ ಬರುತ್ತಿತ್ತು.

ಯರವಡಾ ಜೈಲಿನಿಂದ ಸ್ವಲ್ಪ ದೂರದಲ್ಲೇ ಮುಳಾ-ಮುಠಾ ಹರಿಯುತ್ತದೆ. ಊರಿನ ಕೊಳೆಯನ್ನೆಲ್ಲ ಹೊತ್ತು ಅದು ಪೂರ್ವಕ್ಕೆ ಸಾಗಿ, ಸೊಲ್ಲಾಪುರ ರಸ್ತೆಯ ಕಡೆ ಕವಡಿಪಾಟ್ ಎಂಬಲ್ಲಿ ಹಳೆಯ ಒಡ್ಡಿನ ಮೇಲೆ ತೆಳ್ಳಗೆ ಹರಡಿಕೊಳ್ಳುತ್ತದೆ. ನೊರೆ, ಪ್ಲಾಸ್ಟಿಕ್, ಮೂಗು ಮುಚ್ಚಿಸುವ ವಾಸನೆ. ಚಳಿಗಾಲದ ಭಾನುವಾರ ಅಲ್ಲಿಗೆ ದುರ್ಬೀನು ಹಿಡಿದು ಬರುವವರಲ್ಲಿ ಒಬ್ಬರು ಅಫಜಲಪುರ ತಾಲ್ಲೂಕಿನವರು, ನಿವೃತ್ತ ಗುಮಾಸ್ತರು, ಪುಣೆಗೆ ಬಂದು ಮೂವತ್ತು ವರ್ಷ ಕಳೆದವರು. ಮೊದಮೊದಲು ಎಲ್ಲರಂತೆ ಅವರೂ ಚಕ್ರವಾಕಗಳನ್ನು ನೋಡಲು ಬರುತ್ತಿದ್ದರು. ಈಗ ಅವುಗಳ ಕಡೆ ತಿರುಗುವುದೂ ಇಲ್ಲ. ಕೆಸರಿನಂಚಿನಲ್ಲಿ ಇಲಿಮರಿಗಳಂತೆ ಓಡಾಡುವ, ಗುಬ್ಬಿಗಿಂತ ತುಸುವೇ ತೂಕದ ಬೂದು ಹಕ್ಕಿಗಳ ಲೆಕ್ಕ ಅವರ ನೋಟ್‌ಬುಕ್‌ನಲ್ಲಿರುತ್ತದೆ. ಅವು ಲಿಟಲ್ ಸ್ಟಿಂಟ್‌ಗಳು. ಹೊಲಿಗೆ ಯಂತ್ರದ ಸೂಜಿಯಂತೆ ಕೆಸರನ್ನು ಕುಕ್ಕುತ್ತಲೇ ಇರುತ್ತವೆ.

ಇವು ಮೊಟ್ಟೆಯಿಡುವುದು ಉತ್ತರ ನಾರ್ವೆಯಿಂದ ಸೈಬೀರಿಯಾದವರೆಗಿನ ಟುಂಡ್ರಾದಲ್ಲಿ. ಅಲ್ಲಿನ ಬೇಸಿಗೆ ಎಷ್ಟು ಚಿಕ್ಕದೆಂದರೆ ಹೆಣ್ಣು ಎಷ್ಟೋ ಸಲ ಒಂದು ಗೂಡಿನ ಮೊಟ್ಟೆಗಳನ್ನು ಗಂಡಿಗೆ ಒಪ್ಪಿಸಿ, ಇನ್ನೊಂದು ಗೂಡಲ್ಲಿ ಮತ್ತೆ ಮೊಟ್ಟೆಯಿಟ್ಟು ತಾನು ಕಾವು ಕೂರುತ್ತದೆ. ಮರಿಗೆ ಗುಟುಕು ಕೊಡುವ ಪದ್ಧತಿಯಿಲ್ಲ. ಹುಟ್ಟಿದ ದಿನವೇ ಮರಿ ತನ್ನ ಹುಳು ತಾನೇ ಹುಡುಕಬೇಕು. ಆದ್ದರಿಂದ ಮರಿ ಹೊರಬರುವ ವಾರವೂ ಹುಳು ಏಳುವ ವಾರವೂ ಕೂಡಿಬರಬೇಕು. ಹಿಮ ಬೇಗ ಕರಗಿದರೆ ಹುಳು ಬೇಗ ಎದ್ದು ಮುಗಿದಿರುತ್ತದೆ. ಇದರ ಪರಿಣಾಮ ಇದೇ ಬಳಗದ ರೆಡ್ ನಾಟ್ ಹಕ್ಕಿಯಲ್ಲಿ ದಾಖಲಾಗಿದೆ. ಸೈಬೀರಿಯಾದ ತೈಮಿರ್‌ನಲ್ಲಿ ಹಿಮ ಬೇಗ ಕರಗಿದ ವರ್ಷಗಳ ಮರಿಗಳು ಸಣ್ಣ ಮೈಯ, ಮೋಟು ಕೊಕ್ಕಿನ ಹಕ್ಕಿಗಳಾದವು. ಚಳಿಗಾಲಕ್ಕೆ ಆಫ್ರಿಕಾದ ಮಾರಿಟಾನಿಯಾ ಕರಾವಳಿಗೆ ಹೋದಾಗ ಆ ಕೊಕ್ಕು ಮರಳಿನಾಳದ ಚಿಪ್ಪುಹುಳುವನ್ನು ಮುಟ್ಟಲಿಲ್ಲ, ಹೆಚ್ಚಿನವು ಸತ್ತವು. ಟುಂಡ್ರಾದ ತಪ್ಪಿದ ಹೊತ್ತಿಗೆ ದಂಡ ತೆತ್ತದ್ದು ಆಫ್ರಿಕಾದ ಕಡಲಂಚಿನಲ್ಲಿ.

ಅಲ್ಲಿನ ಜನರಿಗೂ ದಂಡ ತಪ್ಪಿಲ್ಲ. ಯಮಾಲ್ ಪರ್ಯಾಯದ್ವೀಪದ ನೆನೆಟ್ಸ್ ಜನ ಹಿಮಸಾರಂಗದ ಹಿಂಡಿನೊಂದಿಗೆ ಋತುವಿಗೆ ತಕ್ಕಂತೆ ಗುಡಾರ ಕಿತ್ತು ನಡೆಯುವವರು. ಪುಣೆ ಸುತ್ತಿನ ಧನಗರರು, ಕರ್ನಾಟಕದ ಕುರುಬರು ಕುರಿ ಹೊಡೆದುಕೊಂಡು ಹೋಗುವುದನ್ನು ಕಂಡವರಿಗೆ ಈ ಬದುಕು ಅಪರಿಚಿತವೆನಿಸದು. 2013ರ ನವೆಂಬರಿನಲ್ಲಿ ಯಮಾಲ್‌ನಲ್ಲಿ ಹಿಮದ ಬದಲು ಮಳೆ ಬಿತ್ತು. ಅದು ಹಿಮದ ಮೇಲೆ ಗಾಜಿನಂತೆ ಹೆಪ್ಪುಗಟ್ಟಿತು. ಗೊರಸಿನಿಂದ ಕೆದರಿ ಮೇಯುವ ಪ್ರಾಣಿಗೆ ಹಿಮ ತೊಂದರೆಯಲ್ಲ, ಮಂಜುಗಡ್ಡೆಯನ್ನು ಒಡೆಯಲು ಮಾತ್ರ ಆಗದು. ಆ ಚಳಿಗಾಲದಲ್ಲಿ 61,000 ಹಿಮಸಾರಂಗಗಳು ಹಸಿವಿನಿಂದ ಸತ್ತವು. 2016ರ ಬೇಸಿಗೆಯ ಸೆಕೆಗೆ ಅಲ್ಲಿ ಅಂಥ್ರಾಕ್ಸ್ ಎದ್ದಿತು. ದಶಕಗಳ ಕಾಲ ಹೆಪ್ಪುನೆಲದಲ್ಲಿ ಅಡಗಿದ್ದ ರೋಗಾಣುವೇ ಮೂಲವೆಂದು ಬಹುಮಟ್ಟಿಗೆ ನಂಬಲಾಗಿದೆ. ಎರಡು ಸಾವಿರಕ್ಕೂ ಹೆಚ್ಚು ಪ್ರಾಣಿಗಳು ಸತ್ತವು, ಹನ್ನೆರಡು ವರ್ಷದ ಹುಡುಗನೊಬ್ಬ ತೀರಿಕೊಂಡ.

ಪುಣೆಯ ಶಿವಾಜಿನಗರದಲ್ಲಿ ಬಸ್ ಕಂಡಕ್ಟರರು 'ಸಿಮ್ಲಾ ಆಫೀಸ್' ಎಂದು ಕೂಗುವ ಕಟ್ಟಡವಿದೆ. ಹವಾಮಾನ ಇಲಾಖೆ 1928ರಲ್ಲಿ ಸಿಮ್ಲಾದಿಂದ ಇಳಿದು ಬಂದು ಸೇರಿದ ಮನೆ ಅದು. 1988ರಿಂದ ಹಲವು ವರ್ಷ ಮುಂಗಾರಿನ ಮುನ್ಸೂಚನೆಗೆ ಬಳಸಿದ ಹದಿನಾರು ಅಂಶಗಳಲ್ಲಿ ಯುರೇಷಿಯಾದ ಹಿಮದ ಹೊದಿಕೆಯೂ ಒಂದಾಗಿತ್ತು. ಉತ್ತರದಲ್ಲಿ ಹಿಮ ಹೆಚ್ಚಾದರೆ ಇಲ್ಲಿ ಮಳೆಗೆ ಕೊರತೆ ಎಂಬ ಲೆಕ್ಕ. ತಿಲಕರಾದ ಮೇಲೂ ಪುಣೆ ಉತ್ತರದ ಕಡೆ ನೋಡುವುದನ್ನು ಬಿಟ್ಟಿರಲಿಲ್ಲ.

ಇನ್ನು ಕವಡಿಪಾಟ್ ಕೆಸರಿನ ವಿಚಾರ ಇಕ್ಕಟ್ಟಿನದು. ಸ್ಟಿಂಟ್‌ಗಳು ಕುಕ್ಕುವ ಹುಳುಗಳು ಬೆಳೆಯುವುದು ಪಟ್ಟಣದ ಕೊಳೆಯ ಮೇಲೆ. ನದಿ ಶುದ್ಧವಾಗಲಿ ಎಂದು ಬಯಸುವ ಹಕ್ಕಿಪ್ರಿಯರು ಈ ಮಾತನ್ನು ಮೆಲ್ಲಗೆ ಆಡುತ್ತಾರೆ. ಆದರೆ ನೀರು ಶುದ್ಧವಾಗುವುದು ಬೇರೆ, ದಂಡೆಗೆ ಕಲ್ಲು ಕಟ್ಟುವುದು ಬೇರೆ. ಶುದ್ಧ ನೀರಿನ ಕೆಸರಲ್ಲೂ ಹುಳುವಿಗೆ ಜಾಗವಿದೆ, ಕಾಂಕ್ರೀಟಿನಲ್ಲಿಲ್ಲ. ಆ ಗುಮಾಸ್ತರಿಗೆ ಇದು ಹಕ್ಕಿಯ ಪ್ರಶ್ನೆ ಮಾತ್ರವೂ ಅಲ್ಲ. ಮುಳಾ-ಮುಠಾ ಮುಂದೆ ಭೀಮೆಯನ್ನು ಸೇರಿ, ಉಜನಿ ಜಲಾಶಯ, ಪಂಢರಪುರ ದಾಟಿ ಗಾಣಗಾಪುರಕ್ಕೆ, ಅವರ ತಮ್ಮನ ಹೊಲದ ಅಂಚಿಗೆ ಹೋಗುತ್ತದೆ. ತಮ್ಮ ಫೋನಿನಲ್ಲಿ ಚೇಷ್ಟೆ ಮಾಡುತ್ತಾನೆ: "ನೀವು ಅಲ್ಲಿ ಬಚ್ಚಲಕ ಬಿಟ್ಟ ನೀರೇ ಇಲ್ಲಿ ತೀರ್ಥ ಆಗ್ಯದ ನೋಡ್ರಿ ಅಣ್ಣಾ." ಅಣ್ಣ ನಗುತ್ತಾರೆ. ಆ ತೀರ್ಥದ ಮಾತಿಗೆ ಇದುವರೆಗೂ ಉತ್ತರ ಕೊಟ್ಟಿಲ್ಲ.

ಏಪ್ರಿಲ್ ಬಿಸಿಲೇರಿದಂತೆ ಸ್ಟಿಂಟ್‌ಗಳ ಬೂದು ಗರಿಗೆ ಇಟ್ಟಿಗೆ ಬಣ್ಣ ಬರುತ್ತದೆ, ಮೈ ಕೊಬ್ಬುತ್ತದೆ, ಒಂದು ದಿನ ಕೆಸರು ಖಾಲಿ. ಮಳೆಗಾಲ ಇಳಿಮುಖವಾಗುವಾಗ ಮೊದಲು ಬರುವುದು ದೊಡ್ಡವು. ಮರಿಗಳು ಆಮೇಲೆ, ತಂದೆತಾಯಿಯಿಲ್ಲದೆ ತಾವೇ ಬರುತ್ತವೆ. ಬೆನ್ನ ಮೇಲಿನ ಬಿಳಿ ಗೆರೆಯಿಂದ ಅವುಗಳ ಗುರುತು ಹಿಡಿಯಬಹುದು. ಗುಮಾಸ್ತರ ನೋಟ್‌ಬುಕ್‌ನಲ್ಲಿ ಅವಕ್ಕೆ ಬೇರೆಯೇ ಕಾಲಮ್ಮು ಇದೆ.