ಮಂಗಳವೇಢೆಯಲ್ಲಿ ಒಂದು ಹಗಲು

ಮಂಗಳವೇಢೆ ಎಂಬ ಹೆಸರು ಕನ್ನಡಿಗರ ಕಿವಿಗೆ ಹೊಸದಲ್ಲ. ಕಲ್ಯಾಣಕ್ಕೆ ಹೋಗುವ ಮೊದಲು ಬಸವಣ್ಣನವರು ಕರಣಿಕರಾಗಿದ್ದುದು ಇಲ್ಲಿ ಎಂದು ನಾವೆಲ್ಲರೂ ಶಾಲೆಯಲ್ಲಿ ಓದಿದ್ದೇವೆ. ಕಳಚುರಿ ಬಿಜ್ಜಳನ ಮನೆತನದ ಊರು ಇದು. ಹರಿಹರನ ರಗಳೆಯಲ್ಲಿ ಈ ಊರು ‘ಮಂಗಳವಾಡ’. ಆದರೂ ಹೆಸರನ್ನು ಬಲ್ಲವರಷ್ಟು ಊರನ್ನು ಬಲ್ಲವರಿಲ್ಲ. ವಿಜಯಪುರದಿಂದ ಪಂಢರಪುರಕ್ಕೆ ಹೋಗುವವರು ಕಿಟಕಿಯಿಂದ ಅದನ್ನು ಕಂಡು ಮುಂದೆ ಸಾಗುತ್ತಾರೆ. ಅವರಿಗೆ ಅದು ದಾರಿಯ ಮೇಲಿನ ಒಂದು ನಿಲ್ದಾಣ.

ನಮ್ಮ ಸಂಘದ ಹಿರಿಯರಲ್ಲಿ ಕೆಲವರು ಮಕ್ಕಳನ್ನು ಕಾಣಲು ಯುರೋಪಿಗೆ ಹೋಗಿ ಬಂದವರು. ನೇಪಲ್ಸ್, ಮಾರ್ಸೇಲ್ಸ್ ಮುಂತಾದ ಮೆಡಿಟರೇನಿಯನ್ ಬಂದರು ನಗರಗಳನ್ನು ಅವರು ನೋಡಿದ ಬಗೆ ನಮಗೆ ಮೆಚ್ಚುಗೆಯಾಯಿತು. ಅಲ್ಲಿ ಅವರು ಬಾಡಿಗೆ ಕಾರು ಹಿಡಿಯಲಿಲ್ಲ. ಊರ ಜನ ಕೆಲಸಕ್ಕೆ ಹೋಗುವ ಟ್ರಾಮು ಬಸ್ಸುಗಳಲ್ಲೇ ಓಡಾಡಿದರು. ಆ ಊರಲ್ಲೇ ಹುಟ್ಟಿ ಬೆಳೆದವರೊಬ್ಬರನ್ನು ಜೊತೆಗೆ ಕರೆದುಕೊಂಡು ಓಣಿ ಓಣಿ ಸುತ್ತಿದರು. ಹಾಗೆ ನೋಡಿದ ಊರು ಮನಸ್ಸಿನಲ್ಲಿ ಉಳಿಯುತ್ತದೆ ಎಂಬುದು ಅವರ ಅನುಭವ. ಕಡಲಾಚೆಯ ಊರಿಗೆ ಸಲ್ಲುವ ಈ ಕ್ರಮ ಸೊಲ್ಲಾಪುರದಿಂದ ಸುಮಾರು 55 ಕಿಲೋಮೀಟರ್ ದೂರದ ಮಂಗಳವೇಢೆಗೆ ಏಕೆ ಸಲ್ಲಬಾರದು? ಈ ವಿಚಾರದಿಂದಲೇ ನಾವು ಒಂಬತ್ತು ಜನ, ಹಿರಿಯರು, ಮಹಿಳೆಯರು, ಇಬ್ಬರು ಮಕ್ಕಳು, ಪುಷ್ಯ ಮಾಸದ ಒಂದು ಮುಂಜಾನೆ ಸೊಲ್ಲಾಪುರದ ಎಸ್.ಟಿ. ಸ್ಟ್ಯಾಂಡಿನಲ್ಲಿ ನೆರೆದೆವು.

ಮಹಾರಾಷ್ಟ್ರದ ಕೆಂಪು ಎಸ್.ಟಿ. ಬಸ್ಸಿಗೆ ಜನ ಇಟ್ಟ ಹೆಸರು ‘ಲಾಲ್ ಪರೀ’. ಮೊದಲ ಬಸ್ಸು 1948ರ ಜೂನ್ 1ರಂದು ಪುಣೆಯಿಂದ ಅಹಮದನಗರಕ್ಕೆ ಓಡಿತು. ಅದಕ್ಕೆ ಮೂರು ತಿಂಗಳು ಮೊದಲು, ಅದೇ ವರ್ಷದ ಮಾರ್ಚಿನಲ್ಲಿ, ಸಾಂಗಲಿ ಸಂಸ್ಥಾನವು ಮುಂಬಯಿ ಪ್ರಾಂತದಲ್ಲಿ ವಿಲೀನವಾಗಿತ್ತು. ಮಂಗಳವೇಢೆ ಅಲ್ಲಿಯವರೆಗೆ ಪಟವರ್ಧನರ ಆ ಸಂಸ್ಥಾನದ ತಾಲೂಕಾಗಿತ್ತು. ಕಂಡಕ್ಟರರು ನಮ್ಮ ಟಿಕೆಟಿನ ಲೆಕ್ಕ ಮಾಡಲು ಸ್ವಲ್ಪ ಹೊತ್ತು ಹಿಡಿಯಿತು. 2023ರ ಮಾರ್ಚಿನಿಂದ ಮಹಿಳೆಯರಿಗೆ ಅರ್ಧ ದರ, ಎಪ್ಪತ್ತೈದು ದಾಟಿದವರಿಗೆ ದರವೇ ಇಲ್ಲ, ಮಕ್ಕಳಿಗೆ ಅರ್ಧ. ಪೂರ್ಣ ದರ ತೆತ್ತವರು ನಮ್ಮಲ್ಲಿ ಇಬ್ಬರೇ. “ನಿಮ್ಮ ಇಡೀ ಸಂಘಕ್ಕ ನೀವಿಬ್ಬರೇ ಆಧಾರ ಏನ್ರೀ?” ಎಂದು ಕಂಡಕ್ಟರರು ಕನ್ನಡದಲ್ಲೇ ಕೇಳಿದಾಗ ಬಸ್ಸಿನ ಮುಂಭಾಗವೆಲ್ಲ ನಕ್ಕಿತು.

ತಿರ್ಹೆಯ ಹತ್ತಿರ ಸೀನಾ ನದಿ, ಮುಂದೆ ಕಾಮತಿ, ಬೇಗಂಪುರ, ಅನಂತರ ಭೀಮೆಯ ಸೇತುವೆ. ನದಿ ದಾಟಿದ ಮೇಲೆ ಇಕ್ಕೆಲಗಳಲ್ಲೂ ಎರೆ ಭೂಮಿ, ಆ ಭೂಮಿಯ ತುಂಬ ತೆನೆಗಟ್ಟಿದ ಹಿಂಗಾರಿ ಜೋಳ. ಮಾಲದಂಡಿ ಎಂಬ ಹೆಸರಿನ ಈ ಜೋಳಕ್ಕೆ ಮಳೆಗಾಲದಲ್ಲಿ ಆಳವಾದ ಕಪ್ಪು ಮಣ್ಣು ಕುಡಿದಿಟ್ಟುಕೊಂಡ ತೇವವೇ ಆಧಾರ. ಮಳೆ ನಿಂತ ಮೇಲೆ ಬಿತ್ತಿದ ಬೀಜ ಚಳಿಗಾಲದ ಇಬ್ಬನಿಯಲ್ಲಿ ಬೆಳೆದು ಮುತ್ತಿನಂತಹ ಕಾಳು ಕೊಡುತ್ತದೆ. ‘ಮಂಗಳವೇಢೆ ಜೋಳ’ಕ್ಕೆ 2016ರಲ್ಲಿ ಭೌಗೋಳಿಕ ಸೂಚಕದ ಮಾನ್ಯತೆ ದೊರೆಯಿತು. ಮುಂದಿನ ಸೀಟಿನ ರೈತ ಮಹಿಳೆಯೊಬ್ಬರು ತಮ್ಮ ಚೀಲದಿಂದ ಒಂದು ಹಿಡಿ ಸೀತನಿ ತೆಗೆದು ನಮ್ಮ ಮಕ್ಕಳ ಕೈಗೆ ಹಾಕಿದರು. ಮರಾಠಿಯಲ್ಲಿ ಅದು ‘ಹುರಡಾ’. ಹೆಸರು ಎರಡಾದರೂ ಸವಿ ಒಂದೇ.

ನಿಲ್ದಾಣದಲ್ಲಿ ನಮಗಾಗಿ ಕಾದಿದ್ದವರು ನಿವೃತ್ತ ಪ್ರಾಥಮಿಕ ಶಾಲಾ ಶಿಕ್ಷಕರು. ತಾಲೂಕಿನ ದಕ್ಷಿಣ ಭಾಗದ ಹಳ್ಳಿಯವರು; ಮನೆಮಾತು ಕನ್ನಡ, ಕಲಿತದ್ದು ಮತ್ತು ಕಲಿಸಿದ್ದು ಮರಾಠಿ. ಊರವರು ಅವರನ್ನು ‘ಗುರೂಜಿ’ ಎನ್ನುತ್ತಿದ್ದರು. ನಾವೂ ಹಾಗೆಯೇ ಕರೆದೆವು. “ಬರ್ರಿ, ನಡಕೋತ ಹೋಗೂಣು. ಈ ಊರಾಗ ಗಾಡಿಗಿಂತ ಕಾಲ ಚಲೋ” ಎಂದು ಹೇಳಿ ಮುಂದೆ ನಡೆದರು.

ಮೊದಲು ನಮ್ಮನ್ನು ಕರೆದೊಯ್ದುದು ದಾಮಾಜಿಪಂತರ ಗುಡಿಗೆ. ದಾಮಾಜಿ 15ನೆಯ ಶತಮಾನದವರು, ಬೀದರದ ಬಹಮನಿ ಸುಲ್ತಾನರ ಅಧಿಕಾರಿ, ಸರಕಾರಿ ಕಣಜದ ಹೊಣೆಗಾರರು. ಬರಗಾಲದಲ್ಲಿ ಜನ ಹಸಿದು ಸಾಯುವುದನ್ನು ಕಾಣಲಾರದೆ ಅಪ್ಪಣೆಯಿಲ್ಲದೆ ಕಣಜದ ಬಾಗಿಲು ತೆರೆದರು. ಸುಲ್ತಾನನ ಸಿಪಾಯಿಗಳು ಅವರನ್ನು ಹಿಡಿದುಕೊಂಡು ಬೀದರದ ದಾರಿ ಹಿಡಿದರು. ಅವರು ಮುಟ್ಟುವ ಮೊದಲೇ ಪಂಢರಪುರದ ವಿಠ್ಠಲನು ‘ವಿಠೂ ಮಹಾರ’ನ ವೇಷದಲ್ಲಿ ದರ್ಬಾರಿಗೆ ಹೋಗಿ, ಧಾನ್ಯದ ಪೂರ್ಣ ಹಣ ಸುರಿದು, ರಸೀತಿ ಪಡೆದುಕೊಂಡನು ಎಂದು ಭಕ್ತರು ಹೇಳುತ್ತಾರೆ. ಇಂದು ಇಲ್ಲಿಯ ಸಹಕಾರಿ ಸಕ್ಕರೆ ಕಾರ್ಖಾನೆಗೂ ದಾಮಾಜಿಯವರ ಹೆಸರೇ ಇದೆ.

ಕಥೆ ಮುಗಿಸಿ ಗುರೂಜಿ ನಮ್ಮನ್ನು ಒಂದು ಪ್ರಶ್ನೆ ಕೇಳಿದರು: “ದೇವರು ಯಾವ ರೂಪದಾಗರೆ ಹೋಗಬಹುದಿತ್ತಲ್ರಿ, ಮಹಾರನ ರೂಪನ ಯಾಕ?” ಉತ್ತರವನ್ನು ಅವರು ಬಾಯಿಂದ ಹೇಳಲಿಲ್ಲ. ಚೋಖಾಮೇಳರ ನೆನಪಿನ ಸ್ಥಳಕ್ಕೆ ಕರೆದೊಯ್ದರು. ಸಂತ ನಾಮದೇವರ ಶಿಷ್ಯರಾದ ಚೋಖಾಮೇಳರು ಮಹಾರ ಜಾತಿಯವರು. ಈ ಊರಿನ ಗೋಡೆ ಕಟ್ಟುವ ಕೆಲಸಕ್ಕೆ ಕರೆಸಲ್ಪಟ್ಟಿದ್ದಾಗ ಗೋಡೆ ಕುಸಿದು ಇತರ ಕೂಲಿಗಳೊಡನೆ ಅವರೂ ತೀರಿಕೊಂಡರು; ಪರಂಪರೆಯ ಪ್ರಕಾರ ಅದು 1338ನೆಯ ಇಸವಿ. ನಾಮದೇವರು ಬಂದು, ವಿಠ್ಠಲನ ನಾಮ ಕೇಳಿಬಂದ ಎಲುಬುಗಳನ್ನು ಆರಿಸಿ ಪಂಢರಪುರಕ್ಕೆ ಒಯ್ದು ಮಹಾದ್ವಾರದ ಎದುರು ಸಮಾಧಿ ಮಾಡಿದರು ಎಂಬುದು ನಂಬಿಕೆ. ಬದುಕಿದ್ದಾಗ ಆ ಬಾಗಿಲಿನ ಒಳಗೆ ಅವರಿಗೆ ಪ್ರವೇಶವಿರಲಿಲ್ಲ. ಅವರ ಜಾತಿಬಂಧುಗಳಿಗೆ ಆ ಬಾಗಿಲು ತೆರೆದದ್ದು 1947ರಲ್ಲಿ, ಸಾನೇ ಗುರೂಜಿಯವರ ಉಪವಾಸದ ಅನಂತರ.

ಎರಡು ಸ್ಥಳಗಳ ನಡುವೆ ಕೆಲವೇ ನಿಮಿಷಗಳ ನಡಿಗೆ. ಆ ನಡಿಗೆಯಲ್ಲೇ ನಮಗೆ ಈ ಊರಿನ ಒಂದು ಸೂತ್ರ ಹೊಳೆಯಿತು. ಮಂಗಳವೇಢೆ ಲೆಕ್ಕದ ಊರು. 12ನೆಯ ಶತಮಾನದಲ್ಲಿ ಇಲ್ಲಿ ಲೆಕ್ಕ ಬರೆದ ಕರಣಿಕರೊಬ್ಬರು, ಭಂಡಾರದ ಒಂದು ಕಾಸೂ ತನ್ನದಲ್ಲ ಎಂಬ ಶುದ್ಧಿಯನ್ನು ಧರ್ಮದ ಮಟ್ಟಕ್ಕೆ ಏರಿಸಿದರು. 15ನೆಯ ಶತಮಾನದಲ್ಲಿ ಇಲ್ಲಿಯ ಇನ್ನೊಬ್ಬ ಲೆಕ್ಕಾಧಿಕಾರಿ, ಹಸಿವಿನ ಮುಂದೆ ರಾಜನ ಲೆಕ್ಕ ಸಣ್ಣದು ಎಂದು ತೋರಿಸಿದರು. ಇವರಿಬ್ಬರ ನಡುವಿನ ಶತಮಾನದಲ್ಲಿ ಗೋಡೆಯ ಕೆಳಗೆ ಸತ್ತ ಕೂಲಿಗಳ ಲೆಕ್ಕವನ್ನು ಯಾವ ದಫ್ತರವೂ ಬರೆದಿಡಲಿಲ್ಲ. ಆ ಬಾಕಿ ಜನರ ಮನಸ್ಸನ್ನು ಕೊರೆದಿರಬೇಕು. ಆದ್ದರಿಂದಲೇ ಮುಂದೆ ಕಥೆ ಕಟ್ಟಿದವರು ದೇವರ ಕೈಗೆ ರಸೀತಿ ಕೊಡುವಾಗ ಅವನಿಗೆ ಚೋಖನ ಜಾತಿಯನ್ನೇ ಕೊಟ್ಟರೆಂದು ನಮಗೆ ತೋರುತ್ತದೆ.

ಕಾನ್ಹೋಪಾತ್ರೆಯೂ ಈ ಊರಿನವಳೇ. ನರ್ತಕಿಯ ಮಗಳು, ಬೀದರದ ಬಾದಶಹ ತನ್ನನ್ನು ಬಯಸಿ ಆಳುಗಳನ್ನು ಕಳಿಸಿದಾಗ ವಿಠ್ಠಲನ ಪಾದದಲ್ಲಿ ಪ್ರಾಣ ಬಿಟ್ಟವಳು. ಮಾಧ್ವರ ಪರಂಪರೆಯು ‘ನ್ಯಾಯಸುಧಾ’ವನ್ನು ಬರೆದ ಜಯತೀರ್ಥರನ್ನೂ ಮಂಗಳವೇಢೆಯವರೆಂದೇ ಹೇಳುತ್ತದೆ. ಆದರೆ ಈ ಹೆಸರುಗಳು ಒಂದೆಡೆ ಕೂಡುವುದು ಅಪರೂಪ. ನಾವು ಕನ್ನಡಿಗರು ಬಸವಣ್ಣ, ಬಿಜ್ಜಳ, ಜಯತೀರ್ಥ ಎನ್ನುತ್ತೇವೆ. ಮರಾಠಿಗರು ದಾಮಾಜಿ, ಚೋಖೋಬಾ, ಕಾನ್ಹೋಪಾತ್ರೆ ಎನ್ನುತ್ತಾರೆ. ಎರಡು ಪಟ್ಟಿಗಳನ್ನೂ ಒಂದೇ ಉಸಿರಿನಲ್ಲಿ ಹೇಳಿದವರು ನಮಗೆ ಆ ದಿನ ದೊರೆತ ಗುರೂಜಿಯವರೇ. ಅವರಿಗೆ ಅದೆಲ್ಲವೂ ‘ನಮ್ಮ ಊರ ಮಂದಿ’.

ಮಧ್ಯಾಹ್ನ ಒಂದು ಖಾನಾವಳಿಯಲ್ಲಿ ಮಾಲದಂಡಿ ಜೋಳದ ಬಿಸಿ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಹಿಂಡಿ, ಮೊಸರು. ಊಟವಾದ ಮೇಲೆ ಗುರೂಜಿ ತಮ್ಮ ಬಗಲಚೀಲದಿಂದ ಹಳೆಯದೊಂದು ವಹಿ ತೆಗೆದರು. ಅದರ ತುಂಬ ಸುಂದರವಾದ ದೇವನಾಗರಿ ಬರಹ. ಮರಾಠಿಯೆಂದು ಓದತೊಡಗಿದ ನಮಗೆ ಎರಡನೆಯ ಸಾಲಿಗೇ ಅಚ್ಚರಿ ಕಾದಿತ್ತು: ಲಿಪಿ ನಾಗರಿ, ಮಾತು ಕನ್ನಡ. ಅವರ ತಾಯಿ ಬೀಸುವಾಗ ಹಾಡುತ್ತಿದ್ದ ಹಾಡುಗಳು, ಹುಲಜಂತಿಯ ಮಹಾಲಿಂಗರಾಯನ ಡೊಳ್ಳಿನ ಪದಗಳು, ಹೊಲಗಳ ಹೆಸರು, ಹುಲ್ಲುಗಳ ಹೆಸರು, ದನಗಳ ಬಣ್ಣದ ಹೆಸರು, ಹೀಗೆ ನೂರಾರು ಪುಟ. ಹುಲಜಂತಿ ಇದೇ ತಾಲೂಕಿನ ಊರು. ದೀಪಾವಳಿಯ ಅಮಾವಾಸ್ಯೆಗೆ ಅಲ್ಲಿ ಪಲ್ಲಕ್ಕಿಗಳು ಕೂಡುವಾಗ ಎರಡು ರಾಜ್ಯಗಳ ಹಾಲುಮತದವರು ಕನ್ನಡದಲ್ಲಿ ಹಾಡುತ್ತಾರೆ.

“ಕನ್ನಡ ನನ್ನ ಕಿವ್ಯಾಗ ಅದ, ಬಾಯಾಗ ಅದ. ಕಣ್ಣಾಗ ಇಲ್ಲ” ಎಂದರು ಗುರೂಜಿ. ಅವರ ಕಾಲದಲ್ಲಿ ಹಳ್ಳಿಯಲ್ಲಿದ್ದ ಶಾಲೆ ಮರಾಠಿಯದು. ದುಡಿಮೆ, ಸಂಸಾರದ ನಡುವೆ ಇನ್ನೊಂದು ಲಿಪಿ ಕಲಿಯುವ ವೇಳೆ ಒದಗಲಿಲ್ಲ. ತಾಯಿಯ ಹಾಡು ಮರೆತುಹೋಗಬಾರದೆಂದು, ಕೈಯಲ್ಲಿದ್ದ ಲಿಪಿಯಲ್ಲೇ ಬರೆದಿಟ್ಟರು. ಎ, ಏ ಮತ್ತು ಒ, ಓಗಳ ಹ್ರಸ್ವ ದೀರ್ಘ ಭೇದ ಆ ಲಿಪಿಯಲ್ಲಿ ನಿಲ್ಲದಿರುವುದರಿಂದ, ಹ್ರಸ್ವವಾದಲ್ಲೆಲ್ಲ ಮೇಲೆ ಒಂದು ಕೆಂಪು ಚುಕ್ಕೆ ಇಟ್ಟಿದ್ದರು. ಯಾವ ವ್ಯಾಕರಣಕಾರನೂ ಹೇಳಿಕೊಡದ ಆ ಕೆಂಪು ಚುಕ್ಕೆಯನ್ನು ನಾವು ಬಹಳ ಹೊತ್ತು ನೋಡಿದೆವು.

ನಮ್ಮ ಜೊತೆಗಿದ್ದ ಹನ್ನೊಂದು ವರ್ಷದ ಹುಡುಗಿ ಇಂಗ್ಲಿಷ್ ಶಾಲೆಯಲ್ಲಿ ಓದುವವಳು. ಸಂಘದ ಭಾನುವಾರದ ವರ್ಗದಲ್ಲಿ ಕನ್ನಡ ಅಕ್ಷರ ಕಲಿಯುತ್ತಿದ್ದಾಳೆ, ಒತ್ತಕ್ಷರದವರೆಗೆ ಬಂದಿದ್ದಾಳೆ. ಗುರೂಜಿ ಅವಳ ಮುಂದೆ ವಹಿಯ ಕೊನೆಯ ಖಾಲಿ ಪುಟ ತೆರೆದು, “ಯವ್ವಾ, ನಮ್ಮ ಅವ್ವನ ಹೆಸರ ಕನ್ನಡದಾಗ ಬರಿ” ಎಂದರು. ಅವಳು ನಿಧಾನವಾಗಿ ಬರೆದಳು. ಗುರೂಜಿ ಅದರ ಕೆಳಗೆ ಅದೇ ಅಕ್ಷರಗಳನ್ನು ಒಂದೊಂದಾಗಿ ನೋಡಿ ನೋಡಿ ತಿದ್ದಿದರು. ನಲವತ್ತು ವರ್ಷ ಮಕ್ಕಳ ಕೈಹಿಡಿದು ತಿದ್ದಿಸಿದ ಕೈ ಅದು. ಎರಡನೆಯ ಸಲ ಬರೆದಾಗ ಅವರ ಅಕ್ಷರ ಹುಡುಗಿಯ ಅಕ್ಷರಕ್ಕಿಂತ ದುಂಡಾಗಿತ್ತು.

ಇಳಿಹೊತ್ತಿಗೆ ಸೊಲ್ಲಾಪುರದ ಬಸ್ಸು ಹಿಡಿದು, ಗುರೂಜಿಯವರೊಡನೆಯೇ ಮಾಚನೂರಿನಲ್ಲಿ ಇಳಿದೆವು. ಭೀಮೆಯ ದಡದಲ್ಲಿ ಸಿದ್ಧೇಶ್ವರನ ಗುಡಿ, ಪಕ್ಕದಲ್ಲಿ ಔರಂಗಜೇಬನ ಕಾಲದ ಕೋಟೆ. ಹತ್ತಿರದ ಬ್ರಹ್ಮಪುರಿಯಲ್ಲಿ 1695ರಿಂದ 1699ರವರೆಗೆ ಮೊಗಲ್ ಸಾಮ್ರಾಜ್ಯದ ಇಡೀ ಬೀಡು ನೆಲೆಸಿತ್ತು. ಅದಕ್ಕೂ ಮುಂಚೆ ಆ ಬೀಡು ಕೃಷ್ಣೆಯ ತಡಿಯ ಗಲಗಲಿಯಲ್ಲಿದ್ದಾಗ, ನೇಪಲ್ಸಿನಿಂದ ಹೊರಟ ಜೆಮೆಲ್ಲಿ ಕರೇರಿ ಎಂಬ ವಕೀಲ ಅಲ್ಲಿಗೆ ಬಂದು ಮುದಿ ಚಕ್ರವರ್ತಿಯನ್ನು ಕಂಡಿದ್ದ. ಸ್ವಂತ ಹಡಗಾಗಲಿ ರಾಜಾಶ್ರಯವಾಗಲಿ ಇಲ್ಲದೆ, ವ್ಯಾಪಾರಿಗಳ ಹಡಗುಗಳಲ್ಲಿ ಜಾಗ ಪಡೆದು ಭೂಮಂಡಲ ಸುತ್ತಿದ ಅವನು 1699ರಲ್ಲಿ ತನ್ನ ಪ್ರವಾಸದ ಪುಸ್ತಕವನ್ನು ಅಚ್ಚು ಹಾಕಿಸತೊಡಗಿದ. ಲಕ್ಷಾಂತರ ಜನರ ಆ ಬೀಡು ಎದ್ದುಹೋಯಿತು. ದಾರಿಹೋಕನೊಬ್ಬ ಬರೆದಿಟ್ಟ ಪುಟಗಳು ಉಳಿದವು.

ಈ ಭೀಮೆ ಕೆಳಗೆ ಹರಿದು ಸೀನೆಯನ್ನು ಕೂಡುವಲ್ಲಿ ಹತ್ತರಸಂಗ ಕೂಡಲ ಎಂಬ ಊರಿದೆ. ಮರಾಠಿಯ ಅತ್ಯಂತ ಹಳೆಯ ಶಾಸನಗಳಲ್ಲೊಂದೆಂದು ಗಣಿಸಲಾದ 1018ರ ಶಾಸನ ಅಲ್ಲಿಯ ಸಂಗಮೇಶ್ವರ ಗುಡಿಯಲ್ಲಿದೆ; ಊರಿನ ಹೆಸರಾದ ‘ಕೂಡಲ’ ಮಾತ್ರ ಕನ್ನಡದ್ದು. ಈ ನೆಲದಲ್ಲಿ ಎರಡು ಭಾಷೆಗಳು ಒಂದೇ ಕಲ್ಲನ್ನು, ಒಂದೇ ದೇವರನ್ನು, ಒಂದೇ ವಹಿಯನ್ನು ಹಂಚಿಕೊಂಡಿವೆ. ನಮಗೆ ಅಂಜಿಕೆ ಮರಾಠಿಯದಲ್ಲ. ಕಿವಿಯಲ್ಲಿ, ಬಾಯಲ್ಲಿ ಉಳಿದ ಕನ್ನಡ ಕಣ್ಣಿಗೆ ಬಾರದೆಯೇ ಒಂದು ತಲೆಮಾರಿನೊಂದಿಗೆ ಮುಗಿದುಹೋದೀತು ಎಂಬುದೇ ಅಂಜಿಕೆ. 1950ರಲ್ಲಿ ಕನ್ನಡ ಸಾಹಿತ್ಯ ಸಮ್ಮೇಳನವನ್ನು ನಡೆಸಿದ, 1974ರ ಮಂಡ್ಯ ಸಮ್ಮೇಳನಕ್ಕೆ ಮೊದಲ ಮಹಿಳಾ ಅಧ್ಯಕ್ಷೆಯಾಗಿ ಜಯದೇವಿತಾಯಿ ಲಿಗಾಡೆಯವರನ್ನು ಕೊಟ್ಟ ಸೊಲ್ಲಾಪುರದ ಸೀಮೆಗೆ ಈ ಕೆಲಸ ಮೀರಿದ್ದಲ್ಲ.

ಗುರೂಜಿ ಆ ವಹಿಯನ್ನು ನಮ್ಮ ಕೈಗೆ ಕೊಟ್ಟಿದ್ದಾರೆ. ಭಾನುವಾರದ ವರ್ಗದ ಮಕ್ಕಳು ವಾರಕ್ಕೆ ಎರಡು ಪುಟದಂತೆ ಅದನ್ನು ಕನ್ನಡ ಲಿಪಿಗೆ ಇಳಿಸುತ್ತಿದ್ದಾರೆ. ಕೆಂಪು ಚುಕ್ಕೆ ಇದ್ದಲ್ಲಿ ಹ್ರಸ್ವ ಬರೆಯಬೇಕೆಂಬುದು ಅವರಿಗೆ ಈಗ ಬಾಯಿಪಾಠ. ಅರ್ಥ ತಿಳಿಯದ ಪದ ಬಂದರೆ ಮನೆಯ ಅಜ್ಜಿಯನ್ನು ಕೇಳುತ್ತಾರೆ. ಅಜ್ಜಿಗೂ ತಿಳಿಯದಿದ್ದರೆ ಗುರೂಜಿಗೆ ಫೋನು ಮಾಡುತ್ತಾರೆ. ಈ ಬರಹವನ್ನು ಓದುವ ಸಂಘದ ಕುಟುಂಬಗಳಲ್ಲಿ ನಮ್ಮದೊಂದು ವಿನಂತಿ: ಒಂದು ದಿನ ಬಿಡುವು ಮಾಡಿಕೊಂಡು ಮಂಗಳವೇಢೆಯ ಬಸ್ಸು ಹತ್ತಿರಿ. ಜೋಳ ತೆನೆಯಾಗಿರುವಾಗ ಹೋದರೆ ಇನ್ನೂ ಒಳ್ಳೆಯದು. ಹೋಗುವಾಗ ಅಕ್ಷರ ಬಲ್ಲ ಒಂದು ಮಗುವನ್ನು ಜೊತೆಗೆ ಕರೆದುಕೊಂಡು ಹೋಗಿರಿ.